ಎಸಾಯಿನ್: ಹಳೆಯ ಇಂಗ್ಲೆಂಡಿನಲ್ಲಿ ವಾಯಿದೆ ತಪ್ಪಿಸುವ ಕ್ರಮ

ನೀವು 13ನೆಯ ಶತಮಾನದ ಇಂಗ್ಲೆಂಡಿನಲ್ಲಿ ಜಮೀನಿನ ದಾವೆಯ ಪ್ರತಿವಾದಿ ಎಂದಿಟ್ಟುಕೊಳ್ಳಿ. ಕೋರ್ಟಿನ ವಾಯಿದೆಗೆ, ಅಂದರೆ ವಿಚಾರಣೆಯ ದಿನಕ್ಕೆ, ಕಾರಣ ತಿಳಿಸದೆ ಗೈರಾದರೆ ಜಮೀನು ರಾಜನ ವಶಕ್ಕೆ ಹೋಗುತ್ತದೆ. ಹಾಗಾಗದಂತೆ ಕಳಿಸುವ ಸಬೂಬೇ ಎಸಾಯಿನ್.

ಮೊದಲು ದಾವೆಯ ಬಗೆ ನೋಡಿ. ಇತ್ತೀಚೆಗೆ ಜಮೀನಿನಿಂದ ಹೊರಹಾಕಿದ ಬಗ್ಗೆ ಹೂಡಿದ ದಾವೆಯಲ್ಲಿ ಪ್ರತಿವಾದಿಯ ಎಸಾಯಿನ್ ನಡೆಯುವುದೇ ಇಲ್ಲ. ಅಲ್ಲಿ ಬೇಗ ತೀರ್ಪಾಗುವುದೇ ಮುಖ್ಯ.

ಆಮೇಲೆ ಒಬ್ಬ ಆಳನ್ನು ಹುಡುಕಿ. ಅವನು ವಕೀಲನಲ್ಲ. ನಮ್ಮ ಮ್ಯಾಜಿಸ್ಟ್ರೇಟ್ ಕೋರ್ಟುಗಳಲ್ಲಿ ಎಕ್ಸೆಂಪ್ಷನ್ (ಹಾಜರಾತಿಯಿಂದ ವಿನಾಯಿತಿ) ಅರ್ಜಿ ಕೊಡುವ ವಕೀಲರಿಗಿರುವಂತೆ ಕೇಸಿನ ಬಗ್ಗೆ ಮಾತಾಡುವ ಹಕ್ಕು ಅವನಿಗಿಲ್ಲ. ಕಾರಣ ತಿಳಿಸಿ, ಮುಂದಿನ ವಾಯಿದೆಗೆ ನೀವು ಬರುತ್ತೀರೆಂದು ಮಾತು ಕೊಟ್ಟು ಬರುವುದಷ್ಟೇ ಅವನ ಕೆಲಸ.

ಕಾರಣ ಆರಿಸುವಾಗಲೇ ಹೆಚ್ಚಿನವರು ಎಡವುವುದು. ದಾರಿಯಲ್ಲಿ ಕಾಯಿಲೆ ಬಿತ್ತು ಎಂಬುದು ಎಲ್ಲಕ್ಕಿಂತ ಹಗುರ, ಅಪಾಯವೂ ಕಡಿಮೆ. ಮುಂದಿನ ವಾಯಿದೆಯವರೆಗೆ ಸಮಯ ಸಿಗುತ್ತದೆ. ಹಾಸಿಗೆ ಹಿಡಿದಿದ್ದೇನೆ ಎಂದರೆ ಹಕ್ಕಿನ ದಾವೆಯಲ್ಲಿ (ಜಮೀನಿನ ಮೂಲ ಹಕ್ಕು ಯಾರದೆಂದು ತೀರ್ಮಾನಿಸುವ ದಾವೆ) ಒಂದು ವರ್ಷ ಒಂದು ದಿನ ಸಿಗಬಹುದು. ಆಸೆಗೆ ಬಿದ್ದು ಅದನ್ನೇ ಹೇಳಬೇಡಿ. ಕೋರ್ಟು ನಾಲ್ವರು ನೈಟ್‌ಗಳನ್ನು (ಯೋಧ ಪದವಿಯ ಗಣ್ಯರು) ಪರೀಕ್ಷಿಸಲು ನಿಮ್ಮ ಮನೆಗೆ ಕಳಿಸುತ್ತದೆ. ಬೂಟು, ಚಡ್ಡಿ, ಸೊಂಟಪಟ್ಟಿ ಯಾವುದೂ ಮೈಮೇಲಿಲ್ಲದೆ, ರೋಗಿ ಇರಬೇಕಾದ ಹಾಗೆ ಮಲಗಿರಬೇಕು. ದೀರ್ಘ ಕಾಯಿಲೆ ಎಂದು ಅವರು ಒಪ್ಪಿದರೆ ಆ ಗಡುವು. ಆಮೇಲೆ ಏಳುವುದಕ್ಕೂ ಅನುಮತಿ ಬೇಕು. ಅದಿಲ್ಲದೆ ತಿರುಗಾಡುವುದು ಎದುರಾಳಿಯ ಕಣ್ಣಿಗೆ ಬಿದ್ದರೆ ನಿಮ್ಮನ್ನು ಹಿಡಿಸಬಹುದು, ಜಮೀನೇ ಕೈಬಿಡಬಹುದು. ವಾಸಿಯಾದವನಿಗೂ ಮಂಚವೇ ಸೆರೆಮನೆ.

ಸಮುದ್ರದಾಚೆ ಇದ್ದರೆ 40 ದಿನ, ಜೊತೆಗೆ ಸಮುದ್ರದ ಒಂದು ಭರತ ಮತ್ತು ಒಂದು ಇಳಿತದಷ್ಟು ಸಮಯ. ಜೆರುಸಲೇಮಿನ ಕಡೆ ಯಾತ್ರೆಗೆ ಹೋಗಿದ್ದರೆ ಕನಿಷ್ಠ ಒಂದು ವರ್ಷ ಒಂದು ದಿನ. ರಾಜಸೇವೆಯ ಕಾರಣಕ್ಕೆ ರಾಜನ ಪತ್ರ ಬೇಕು, ಬಾಯಿಮಾತು ಸಾಲದು.

ಸುಳ್ಳು ಸಮುದ್ರಯಾನಕ್ಕೆ 1275ರ ವೆಸ್ಟ್‌ಮಿನ್‌ಸ್ಟರ್ ಶಾಸನ ತಡೆ ಹಾಕಿತು. ಸಮನ್ಸ್ ಬಂದ ದಿನವೂ ಆಮೇಲಿನ ಮೂರು ವಾರವೂ ನೀವು ಇಂಗ್ಲೆಂಡಿನಲ್ಲೇ ಇದ್ದಿರೆಂದು ವಾದಿ ತೋರಿಸಿಕೊಟ್ಟರೆ ಎಸಾಯಿನ್ ಬಿದ್ದುಹೋಗಿ ಅದೇ ಗೈರುಹಾಜರಿ ಎನಿಸುತ್ತದೆ. ಜಂಟಿ ಹಕ್ಕುದಾರರ ಹಳೆಯ ಉಪಾಯಕ್ಕೂ ಅದೇ ಶಾಸನ ಕಡಿವಾಣ ಹಾಕಿತು: ಈ ಸಲ ಅಣ್ಣನ ಎಸಾಯಿನ್, ಮುಂದಿನ ಸಲ ತಮ್ಮನದು, ಹೀಗೆ ಸರದಿಯಲ್ಲಿ ಕಳಿಸಿ ಕೇಸು ಎಳೆಯುವುದು. ಒಮ್ಮೆ ಎಲ್ಲರೂ ಹಾಜರಾದ ಮೇಲೆ ಆ ಆಟ ನಡೆಯದು.