ಏಟು ಬೀಳುವುದು ಕ್ಯಾಮೆರಾದ ಕಣ್ಣಿಗೆ

ಕರಾಟೆ ಕಲಿತು ಸಿನಿಮಾ ಫೈಟಿಗೆ ಬರುವವರು ಮೊದಲು ಬಿಡಬೇಕಾದದ್ದು ಆ ಮಿಂಚಿನ ವೇಗವನ್ನು. ಪಳಗಿದ ಪಂಚ್ ಹೊರಟು ತಾಗಲು ಸುಮಾರು 0.15 ಸೆಕೆಂಡ್ ಸಾಕು. ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರಗಳ ಲೆಕ್ಕದಲ್ಲಿ ಅದು ನಾಲ್ಕೇ ಫ್ರೇಮು, ಪರದೆಯ ಮೇಲೆ ಕೈ ಅದುರಿದಂತಷ್ಟೇ ಕಾಣುತ್ತದೆ. ಅದಕ್ಕೇ ನಾನು ಸೊಂಟ, ಭುಜ ತಿರುಗುವುದು ಕಾಣುವಂತೆ ಕೈಯನ್ನು ಹಿಂದಿನಿಂದ ಬೀಸಿ ತಂದು, ಮುಖದ ಗೆರೆ ದಾಟಿಸಿಬಿಡುತ್ತೇನೆ. ತಟ್ಟನೆ ಹಿಂದಕ್ಕೆಳೆದುಕೊಂಡರೆ ಶಾಟ್ ಕೆಟ್ಟಂತೆ.

ಮುಷ್ಟಿಗೂ ಮುಖಕ್ಕೂ ಒಂದು ಗೇಣು ಅಂತರ ಇರಲೇಬೇಕು. ಕ್ಯಾಮೆರಾ ಇಬ್ಬರಲ್ಲಿ ಒಬ್ಬರ ಭುಜದ ಹಿಂದಿದ್ದು, ಮುಷ್ಟಿ ಮುಖಕ್ಕೆ ಅಡ್ಡಲಾಗಿ ಹಾದುಹೋದರೆ ಆ ಗೇಣು ಕಾಣುವುದಿಲ್ಲ. ಪಕ್ಕದಿಂದ ಹಿಡಿದರೆ ಬಯಲಾಗುತ್ತದೆ. ದೂರ ನಿಂತು 85 ಎಂಎಂನಂಥ ಉದ್ದ ಲೆನ್ಸಿನಲ್ಲಿ ತೆಗೆದರೆ ಅಂತರ ಕುಗ್ಗಿದಂತೆ ಕಂಡು ಇನ್ನೂ ಭದ್ರ.

ಏಟಿಗೆ ಜೀವ ಬರುವುದು ಅದನ್ನು ತಿನ್ನುವವನಿಂದ. ಮುಷ್ಟಿ ಮೂಗಿನ ನೇರಕ್ಕೆ ಬಂದ ಕ್ಷಣಕ್ಕೇ ಗದ್ದ ತಿರುಗಬೇಕು, ಹಿಂದೆಯೇ ಭುಜ, ಆಮೇಲೆ ಸೊಂಟ, ಕೊನೆಗೆ ಕಾಲು. ಹೊಸಬರು ಮುಷ್ಟಿ ಬರುವ ಮೊದಲೇ ಕಣ್ಣು ಮುಚ್ಚುತ್ತಾರೆ, ಕ್ಲೋಸಪ್ಪಿನಲ್ಲಿ ಅದು ಸಿಕ್ಕಿಬೀಳುತ್ತದೆ. ಫೈಟ್ ಸಿನಿಮಾಗಳ ನಟರಾದ ಜಾಕಿ ಚಾನ್, ಸ್ಯಾಮೊ ಹಂಗ್ ಬೆಳೆದದ್ದು ಹಾಂಗ್‌ಕಾಂಗ್‌ನ ಪೀಕಿಂಗ್ ಒಪೆರಾ (ಹಾಡು, ಕುಣಿತ, ಲಾಗ ಸೇರಿದ ಚೀನೀ ರಂಗಕಲೆ) ಶಾಲೆಯಲ್ಲಿ. ಲಾಗ, ತಾಳಕ್ಕೆ ತಕ್ಕ ಹೆಜ್ಜೆ ಅಲ್ಲಿಂದಲೇ ಬಂದವು. ತೆರೆಯ ಮೇಲೆ ಹೊಡೆದಾಡಿದ ಅವರೇ ಫೈಟ್ ಕಂಪೋಸ್ ಮಾಡಿದರು, ನಿರ್ದೇಶಿಸಿದರು. ಯಕ್ಷಗಾನದ ದಿಗಿಣ, ಅಂದರೆ ತಿರುಗುತ್ತಾ ಹಾರುವ ಕುಣಿತ, ಬಲ್ಲ ಹುಡುಗರೂ ಈ ಕೆಲಸಕ್ಕೆ ಬೇಗ ಒಗ್ಗುತ್ತಾರೆ, ತಾಳ ಅವರ ಕಾಲಲ್ಲೇ ಇರುತ್ತದೆ.

ಕಂಪೋಸ್ ಮಾಡುವಾಗ ಒಂದು ಶಾಟಿಗೆ ನಾಲ್ಕರಿಂದ ಆರು ಏಟು ಇಡುತ್ತೇನೆ. ಹೆಚ್ಚಾದರೆ ಕೊನೆಯ ಎರಡು ಸಡಿಲವಾಗುತ್ತವೆ. ಒಂದು ಶಾಟಿನ ಕೊನೆಯ ಏಟನ್ನೇ ಮುಂದಿನ ಶಾಟಿನ ಶುರುವಿನಲ್ಲಿ ಮತ್ತೆ ಹೊಡೆಸಬೇಕು. ಎಡಿಟರ್ ಎರಡು ಮೂರು ಫ್ರೇಮ್ ಮರುಕಳಿಸುವಂತೆ ಜೋಡಿಸಿದರೆ ಏಟು ತೂಕವಾಗುತ್ತದೆ. ಸೆಕೆಂಡಿಗೆ 22 ಫ್ರೇಮಿನಲ್ಲಿ ತೆಗೆದು 24ರಲ್ಲಿ ಓಡಿಸಿದರೆ ವೇಗ ಶೇ. 9ರಷ್ಟು ಹೆಚ್ಚುತ್ತದೆ. ಆದರೆ ಹಿಂದೆ ಜನ ನಡೆದಾಡುತ್ತಿದ್ದರೆ, ಧೂಳು ಎದ್ದರೆ ಗುಟ್ಟು ರಟ್ಟು.

ಬೀಳುವುದಕ್ಕೆ ಖಾಲಿ ರಟ್ಟಿನ ಪೆಟ್ಟಿಗೆಗಳನ್ನು ಪೇರಿಸಿ ಮೇಲೆ ಬೆಡ್ ಹಾಸುತ್ತೇವೆ. ಪೆಟ್ಟಿಗೆಯ ಸಂದುಗಳಿಗೆಲ್ಲ ಟೇಪ್ ಅಂಟಿಸಿದರೆ ಗಾಳಿ ಹೊರಹೋಗದೆ ಪೆಟ್ಟಿಗೆಯೇ ಬಿದ್ದವನನ್ನು ಚೆಂಡಿನಂತೆ ಎತ್ತಿ ಒಗೆಯುತ್ತದೆ. ರಾಶಿಯ ಸುತ್ತ ಹಗ್ಗ ಕಟ್ಟದಿದ್ದರೆ ಪಕ್ಕಕ್ಕೆ ಜಾರುತ್ತದೆ. ಬೆನ್ನ ಮೇಲೆ ಚಪ್ಪಟೆಯಾಗಿ ಬೀಳಬೇಕು, ಕಾಲು ಮೊದಲಾದರೆ ಮೊಣಕಾಲು ಹೋಗುತ್ತದೆ. ಒಮ್ಮೆ ಬಿದ್ದು ನಜ್ಜುಗುಜ್ಜಾದ ಪೆಟ್ಟಿಗೆಯನ್ನು ಮುಂದಿನ ಟೇಕಿಗೆ ಬಳಸಲು ನಾನು ಬಿಡುವುದಿಲ್ಲ, ನಿರ್ಮಾಪಕರು ಎಷ್ಟೇ ಅವಸರಪಡಿಸಲಿ.