ಮಾರಿಷಸ್‌ಗೆ ಹೊರಟಿರೋ ಕೊಡಗಿನವ್ರಿಗೆ: ಕಾಡು, ಕಡಲು ಎರಡನ್ನೂ ಒಂದೇ ದಿನ ನೋಡೋದು ಹೇಗೆ

ನಮ್ದೊಂದು ಚಿಕ್ಕ ಹೋಮ್‌ಸ್ಟೇ, ಮಡಿಕೇರಿಯಿಂದ ಸ್ವಲ್ಪ ಆಚೆ. ವೀಕೆಂಡ್ ಬಂದೋರು ಬ್ಯಾಗ್ ಇಳಿಸೋ ಮೊದ್ಲೇ ಕೇಳೋದು ಒಂದೇ ಪ್ರಶ್ನೆ, ಅಬ್ಬಿ ಫಾಲ್ಸು, ಮಾಂದಲ್‌ಪಟ್ಟಿ, ದುಬಾರೆ, ತಲಕಾವೇರಿ ನಾಲ್ಕೂ ನಾಳೆ ಒಂದೇ ದಿನದಲ್ಲಿ ಆಗತ್ತಾ ಅಂತ. ಆಗತ್ತೆ ಸರ್, ಆದ್ರೆ ನೀವು ನೋಡೋದು ರೋಡು ಮತ್ತೆ ಪಾರ್ಕಿಂಗು ಅಂತೀನಿ. ಹಿಂಗೆ ಊರಿಗೆಲ್ಲ ಬುದ್ಧಿ ಹೇಳೋ ನಾನೇ ಮಾರಿಷಸ್‌ಗೆ ಹೋದ ಮೊದಲ ದಿನ ಹತ್ತು ಸ್ಟಾಪಿನ ಬಸ್ ಟೂರ್ ಹತ್ತಿ ಕೂತಿದ್ದೆ. ಬೆಳಿಗ್ಗೆ ಹಡಗಿನ ಮಾಡೆಲ್ ಮಾರೋ ಅಂಗಡೀಲಿ ಮುಕ್ಕಾಲು ಗಂಟೆ, ಆಮೇಲೆ ವಜ್ರದ ಅಂಗಡೀಲಿ ಮತ್ತೆ ಅರ್ಧ ಗಂಟೆ, ಕಾಡಿನ ವ್ಯೂ ಪಾಯಿಂಟಲ್ಲಿ ಮಾತ್ರ ಎಂಟು ನಿಮಿಷ, ನಮ್ಮತ್ತೆ ಬಸ್ಸಿಂದ ಇಳ್ದು ಸೆರಗು ಸರಿ ಮಾಡ್ಕೊಳ್ಳೋ ಅಷ್ಟರಲ್ಲಿ ಹಾರ್ನ್ ಹೊಡೆದ್ರು. ಎರಡು ದಿನ ಬಿಟ್ಟು ಒಂದು ಕಾರು ಮಾಡ್ಕೊಂಡು ಐದೇ ಜಾಗ ಇಟ್ಕೊಂಡು ಅದೇ ದಾರೀಲಿ ಮತ್ತೆ ಹೋದ್ವಿ. ನಾನು ಬರೀತಿರೋದು ಆ ಎರಡನೇ ದಿನದ ಲೆಕ್ಕ.

ಮೊದ್ಲು ಅಳತೆ ತಲೇಲಿ ಇಟ್ಕೊಳ್ಳಿ. ನಮ್ಮ ಕೊಡಗು ಜಿಲ್ಲೆ 4,102 ಚದರ ಕಿಲೋಮೀಟರ್, ಮಾರಿಷಸ್ ದ್ವೀಪ 1,865. ಅಂದ್ರೆ ನಮ್ಮ ಜಿಲ್ಲೆಯ ಅರ್ಧಾನೂ ಇಲ್ಲ. ಅದಕ್ಕೇ ಎಲ್ರೂ ಒಂದೇ ದಿನದಲ್ಲಿ ಸುತ್ತಿ ಮುಗಿಸ್ತೀವಿ ಅಂದ್ಕೊಳ್ಳೋದು, ಆದ್ರೆ ಗುಡ್ಡದ ರೋಡು ಗುಡ್ಡದ ರೋಡೇ, ಸಂಜೆ ಟ್ರಾಫಿಕ್ಕೂ ಕಮ್ಮಿ ಏನಿಲ್ಲ. ದ್ವೀಪಾನ ಎರಡು ಭಾಗ ಮಾಡಿ ನೈಋತ್ಯದ ಮೂಲೆ ಒಂದನ್ನೇ ಈ ದಿನಕ್ಕೆ ಇಟ್ಕೊಳ್ಳಿ, ಜ್ವಾಲಾಮುಖಿ ಬಾಯಿ, ಕೆರೆ, ಕಾಡು, ಬಣ್ಣದ ಮಣ್ಣು, ಬೀಚು ಎಲ್ಲಾ ಅಲ್ಲೇ ಅಕ್ಕಪಕ್ಕ ಇದಾವೆ.

ಯಾವಾಗ ಹೋಗ್ಬೇಕು? ನಮ್ಮವ್ರಿಗೆ ಡಿಸೆಂಬರಿಂದ ಮಾರ್ಚ್ ತನಕ ಕಾಫಿ ಕುಯ್ಲು, ಆ ಕಡೆ ತಲೆ ಹಾಕೋಕಾಗಲ್ಲ, ಅಲ್ಲೂ ಜನವರಿಯಿಂದ ಮಾರ್ಚ್ ಸೈಕ್ಲೋನ್ ಟೈಮು ಹಾಗಾಗಿ ಕಳ್ಕೊಳ್ಳೋದು ಏನೂ ಇಲ್ಲ. ಸೈಕ್ಲೋನ್ ಎಚ್ಚರಿಕೆ ಅಲ್ಲಿ ಒಂದರಿಂದ ನಾಲ್ಕು ಕ್ಲಾಸ್ ಇರತ್ತೆ, ಮೂರು ಅಂತ ಬಂದ್ರೆ ಯಾರೂ ಮನೆಯಿಂದ ಹೊರಗೆ ಬರಲ್ಲ, ನಿಮ್ಮ ಟೂರೂ ಅಲ್ಲಿಗೆ ಮುಗೀತು. ನನ್ನ ಕೇಳಿದ್ರೆ ಸೆಪ್ಟೆಂಬರ್ ಶುರುವಿನ ಕೈಲ್ ಮುಹೂರ್ತ ಹಬ್ಬ ಮುಗಿಸಿ ಹೊರಟು ಅಕ್ಟೋಬರ್ ನಡುವಿನ ಕಾವೇರಿ ಸಂಕ್ರಮಣದೊಳಗೆ ವಾಪಸ್ ಬನ್ನಿ. ಸೆಪ್ಟೆಂಬರ್ ಅಲ್ಲಿ ಚಳಿಗಾಲದ ಕೊನೆ, ಮಳೆ ಕಮ್ಮಿ, ಕಡಲ ತೀರದಲ್ಲಿ ಹಿತವಾದ ಬಿಸಿಲು. ಗುಡ್ಡದ ಮೇಲೆ ಮಾತ್ರ ನಮ್ಮೂರ ಥರಾನೇ, ಯಾವಾಗ ಬೇಕಾದ್ರೂ ಹನಿ ಬೀಳತ್ತೆ, ಒಂದು ಸ್ವೆಟರ್ ಒಂದು ಛತ್ರಿ ಕಾರಲ್ಲಿ ಇರ್ಲಿ.

ಹೋಗೋದು ಮುಂಬೈ ಮೇಲೆ, ಅಲ್ಲಿಂದ ಆರು ಗಂಟೆ ಚಿಲ್ಲರೆ. ವಿರಾಜಪೇಟೆ ಕಡೆಯವ್ರು ಮಾಕುಟ್ಟ ಇಳ್ದು ಕಣ್ಣೂರು ಏರ್‌ಪೋರ್ಟ್ ನೋಡಿ, ಮಡಿಕೇರಿಯವ್ರಿಗೆ ಮಂಗಳೂರು. ಇಂಡಿಯನ್ ಪಾಸ್‌ಪೋರ್ಟಿಗೆ ಮೊದ್ಲೇ ವೀಸಾ ಮಾಡಿಸೋ ಗೋಳಿಲ್ಲ, ರಿಟರ್ನ್ ಟಿಕೆಟ್ಟು, ಹೋಟೆಲ್ ಬುಕಿಂಗ್ ಪ್ರಿಂಟ್ ಕೈಲಿರಲಿ, ಹೊರಡೋ ಮುಂಚೆ ಅವ್ರ ಆನ್‌ಲೈನ್ ಫಾರ್ಮ್ ತುಂಬಿ. ಇನ್ನೊಂದು, ನಮ್ಮವ್ರಿಗೆ ಯಾರ ಮನೆಗೆ ಹೋದ್ರೂ ಕೈ ಬೀಸ್ಕೊಂಡು ಹೋಗೋ ಅಭ್ಯಾಸ ಇಲ್ವಲ್ಲ, ಬೀಜ, ಗಿಡದ ಕಟಿಂಗು, ಹಣ್ಣು, ಪಂದಿ ಉಪ್ಪಿನಕಾಯಿ ಇವೆಲ್ಲ ಮನೇಲೇ ಬಿಡಿ, ದ್ವೀಪ ಆದ್ದರಿಂದ ಹೊರಗಿನ ಗಿಡ, ಹಣ್ಣು, ಮಾಂಸದ ವಿಷಯದಲ್ಲಿ ಅವ್ರು ಭಾರಿ ಸ್ಟ್ರಿಕ್ಟು.

ಈಗ ಮುಖ್ಯ ವಿಷಯ, ಕಾರು ಮತ್ತೆ ಗೈಡು. ನಾಲ್ಕು ಜನ ಇದ್ರೆ ಬಸ್ ಟೂರಿಗಿಂತ ದಿನದ ಲೆಕ್ಕದ ಕಾರೇ ವಾಸಿ. ಹೆಚ್ಚಿನವ್ರು ಡ್ರೈವರ್ರೂ ಅವ್ರೇ ಗೈಡೂ ಅವ್ರೇ. ಅಲ್ಲಿ ಮಾತು ಕ್ರಿಯೋಲ್, ಫ್ರೆಂಚ್, ಆದ್ರೂ ಇಂಗ್ಲಿಷ್ ನಡೆಯತ್ತೆ, 1834ರಿಂದ ಕಬ್ಬಿನ ಕೂಲಿಗೆ ಅಂತ ನಮ್ಮ ದೇಶದಿಂದ ಹೋದವ್ರ ಮಕ್ಕಳು ಮೊಮ್ಮಕ್ಕಳೇ ಜಾಸ್ತಿ ಇರೋದ್ರಿಂದ ಹಿಂದಿ ಬರೋರೂ ಬೇಕಾದಷ್ಟು ಸಿಗ್ತಾರೆ. ಅವ್ರ ರೂಪಾಯಿ ನೋಟಿನ ಮೇಲೆ ತಮಿಳು ಅಕ್ಷರ, ಹಿಂದಿ ಅಕ್ಷರ ಎರಡೂ ಇದೆ, ನಮ್ಮ ಮಾವ ಅದನ್ನ ಬಿಸಿಲಿಗೆ ಹಿಡ್ಕೊಂಡು ಐದು ನಿಮಿಷ ನೋಡಿದ್ರು.

ಗೈಡ್ ಹತ್ರ ಹಿಂದಿನ ದಿನಾನೇ ಕೇಳ್ಬೇಕಾದ್ದು: ಗಾಡಿಗೆ ಟೂರಿಸ್ಟ್ ಲೈಸೆನ್ಸ್ ಇದ್ಯಾ, ರೇಟು ಗಾಡಿಗಾ ತಲೆಗಾ, ಎಂಟ್ರಿ ಟಿಕೆಟ್ ಸೇರಿದ್ಯಾ, ಊಟ ಎಲ್ಲಿ, ಎಷ್ಟು ಗಂಟೆಗೆ ವಾಪಸ್ಸು. ಆಮೇಲೆ ನಗ್ತಾ ನಗ್ತಾನೇ, ಆದ್ರೆ ಖಂಡಿತವಾಗಿ ಹೇಳಿಬಿಡಿ, ಅಂಗಡಿ ಬೇಡ ಅಂತ. ಅದು ಕಮಿಷನ್ ವ್ಯವಹಾರ, ಇಲ್ಲಿ ಹೋಮ್‌ಮೇಡ್ ಚಾಕೊಲೇಟು ವೈನಿನ ಅಂಗಡಿ ಮುಂದೆ ಗಾಡಿ ತಾನಾಗೇ ನಿಲ್ಲಲ್ವಾ, ಹಾಗೆ. ನನಗೇನು ಕೋಪ ಇಲ್ಲ, ಅವ್ರ ಹೊಟ್ಟೆಪಾಡು, ಅದಕ್ಕೇ ನಾನು ಮೊದ್ಲೇ ಹೇಳಿದ್ದೆ, ಆ ಕಮಿಷನ್ ನಾವೇ ಟಿಪ್ಸ್ ಅಂತ ಕೊಡ್ತೀವಿ, ಆ ಟೈಮನ್ನ ನಮಗೆ ಕಾಡಲ್ಲಿ ಕೊಡಿ ಅಂತ. ಆಯಪ್ಪ ಜೋರಾಗಿ ನಕ್ಕು ಸೈ ಅಂದ್ರು.

ಬೆಳಿಗ್ಗೆ ಏಳೂವರೆಗೆ ಹೊರಡಿ. ಕಷ್ಟ ಏನಿಲ್ಲ, ಅಲ್ಲಿ ಟೈಮು ನಮಗಿಂತ ಒಂದೂವರೆ ಗಂಟೆ ಹಿಂದೆ, ಇಲ್ಲಿ ಆರಕ್ಕೆ ಏಳೋರಿಗೆ ಅಲ್ಲಿ ನಾಲ್ಕೂವರೆಗೇ ಎಚ್ಚರ ಆಗಿರತ್ತೆ. ಗುಡ್ಡದ ಜಾಗಗಳು ಮೊದ್ಲು, ಕಡಲು ಕೊನೆಗೆ. ಇದನ್ನ ಉಲ್ಟಾ ಮಾಡ್ಬೇಡಿ, ಮಧ್ಯಾಹ್ನ ಆಗ್ತಾ ಮೇಲ್ಗಡೆ ಮೋಡ ಕೂತ್ರೆ ಮಾಂದಲ್‌ಪಟ್ಟೀಲಿ ಬಿಳಿ ಪರದೆ ನೋಡಿ ಬಂದ ಹಾಗೇ ಆಗೋದು.

ಮೊದಲ್ನೇದು ಕ್ಯೂರ್‌ಪೀಪ್ ಊರಲ್ಲಿರೋ ಟ್ರೂ ಓ ಸೆರ್ಫ್, ಹಳೇ ಜ್ವಾಲಾಮುಖಿ ಬಾಯಿ, ಸಮುದ್ರ ಮಟ್ಟದಿಂದ ಸುಮಾರು 600 ಮೀಟರ್ ಎತ್ತರ. ಟಿಕೆಟ್ ಇಲ್ಲ. ಲಾವಾ ಹೊಗೆ ಏನಾದ್ರೂ ಕಾಣತ್ತೆ ಅಂದ್ಕೊಂಡು ಹೋಗ್ಬೇಡಿ, ಒಳಗೆಲ್ಲ ಮರ ಬೆಳ್ದಿದೆ, ತಳದಲ್ಲಿ ಕೊಳದಂಥದ್ದು ಒಂದು, ಊರಿನ ಜನ ಸುತ್ತ ವಾಕಿಂಗ್ ಮಾಡ್ತಿರ್ತಾರೆ. ಈಗ್ಲೂ ಬೆಂಕಿ ಉಗುಳೋ ಬೆಟ್ಟ ಇರೋದು ಪಕ್ಕದ ರಿಯೂನಿಯನ್ ದ್ವೀಪದಲ್ಲಿ, ಅದು ಫ್ರಾನ್ಸಿನದ್ದು. ಮಜಾ ಏನಂದ್ರೆ, ಆ ರಿಯೂನಿಯನ್ ಕೆಳಗಿರೋ ಬಿಸಿಯೇ ಸುಮಾರು 80 ಲಕ್ಷ ವರ್ಷದ ಹಿಂದೆ ಮಾರಿಷಸ್ಸನ್ನ ಎಬ್ಬಿಸಿದ್ದು, ಅದಕ್ಕೂ ಮುಂಚೆ, ಆರೂವರೆ ಕೋಟಿ ವರ್ಷದ ಹಿಂದೆ, ನಮ್ಮ ಬೆಳಗಾವಿಯಿಂದ ಮಹಾರಾಷ್ಟ್ರದುದ್ದಕ್ಕೂ ಇರೋ ಕಪ್ಪು ಕಲ್ಲನ್ನ ಸುರಿದಿದ್ದೂ ಅದೇ ಅಂತ ಭೂವಿಜ್ಞಾನದವ್ರು ಹೇಳ್ತಾರೆ. ಕೊಡಗಿನ ಬಂಡೆ ಆ ಜಾತಿದಲ್ಲ, ನಮ್ದು ಮುನ್ನೂರು ಕೋಟಿ ವರ್ಷದ ಮುದುಕಪ್ಪ. ದಾರೀಲಿ ಕಬ್ಬಿನ ಗದ್ದೆ ನಡುವೆ ಅಲ್ಲಲ್ಲಿ ಕಪ್ಪು ಕಲ್ಲಿನ ದೊಡ್ಡ ರಾಶಿ ಕಾಣತ್ತೆ, ಗೋಪುರದ ಹಾಗೆ. ಗದ್ದೆ ಹಸನು ಮಾಡುವಾಗ ಕೈಯಲ್ಲಿ ಆರಿಸಿ ಪೇರಿಸಿದ ಕಲ್ಲು ಅದು. ಇಲ್ಲಿ ಇಪ್ಪತ್ತು ನಿಮಿಷ ಸಾಕು.

ಆಮೇಲೆ ಗಂಗಾ ತಲಾವ್. ಇದೂ ಜ್ವಾಲಾಮುಖಿ ಗುಂಡಿಯಲ್ಲಿ ನಿಂತ ನೀರೇ. 1972ರಲ್ಲಿ ಗಂಗೆ ನೀರು ತಂದು ಇದಕ್ಕೆ ಸೇರಿಸಿದ್ರು, ದಾರಿ ಪಕ್ಕ 108 ಅಡಿಯ ಶಿವ ನಿಂತಿದಾನೆ, ಶಿವರಾತ್ರಿಗೆ ದ್ವೀಪದ ಮೂಲೆ ಮೂಲೆಯಿಂದ ಜನ ನಡ್ಕೊಂಡೇ ಬರ್ತಾರೆ. ಸೊಂಟದಿಂದ ಮಂಡಿ ತನಕ ಮುಚ್ಚೋ ಬಟ್ಟೆ ಹಾಕ್ಕೊಂಡು ಹೋಗಿ, ಬೀಚಿನ ಚಡ್ಡಿ ಬ್ಯಾಗಲ್ಲಿರಲಿ. ನಮ್ಮತ್ತೆ ಮನೇಲಿದ್ದ ತಲಕಾವೇರಿ ತೀರ್ಥಾನ ಪುಟ್ಟ ಬಾಟಲೀಲಿ ಚೆಕ್-ಇನ್ ಬ್ಯಾಗಲ್ಲಿ ಇಟ್ಕೊಂಡು ಬಂದಿದ್ರು, ನಮಗ್ಯಾರಿಗೂ ಹೇಳಿರಲಿಲ್ಲ. ಮೆಟ್ಟಿಲ ಮೇಲೆ ಕೂತು ಎರಡೇ ಎರಡು ಹನಿ ಬಿಟ್ರು, ಮುಚ್ಚಳ ಹಾಕಿದ್ರು, ಮಿಕ್ಕಿದ್ದನ್ನ ಮತ್ತೆ ಸೀರೆ ಸೆರಗಲ್ಲಿ ಸುತ್ತಿ ಬ್ಯಾಗಿಗೆ. ಇಲ್ಲಿ ವಯಸ್ಸಾದವ್ರು ಜೊತೆಗಿದ್ರೆ ಒಂದು ಗಂಟೆ ಕೊಡಿ, ಗಡಿಯಾರ ನೋಡ್ಬೇಡಿ.

ಮೂರನೇದು ಬ್ಲ್ಯಾಕ್ ರಿವರ್ ಗಾರ್ಜಸ್ ನ್ಯಾಷನಲ್ ಪಾರ್ಕು, 1994ರಲ್ಲಿ ಆಗಿದ್ದು. ಬಸ್ಸಿನವ್ರು ವ್ಯೂ ಪಾಯಿಂಟ್ ತೋರಿಸಿ ಓಡಿಸ್ತಾರೆ, ನೀವು ಗೈಡ್ ಹತ್ರ ಅರ್ಧ ಗಂಟೆಯಾದ್ರೂ ಕಾಲುದಾರೀಲಿ ನಡೆಸಿ ಅಂತ ಕೇಳಿ. ನಮ್ಮ ಕಾಡು ನೋಡಿದ ಕಣ್ಣಿಗೆ ಮೊದ್ಲು ಇದೇನು ಇಷ್ಟು ಗಿಡ್ಡ ಅನ್ಸತ್ತೆ, ಆನೆ ಇಲ್ಲ, ಹುಲಿ ಇಲ್ಲ, ಗಾಳಿಗೆ ತಲೆ ಚಪ್ಪಟೆಯಾದ ಮರ. ಆದ್ರೆ ಈ ಕಾಡಿನ ಕಥೆ ಗೊತ್ತಾದ್ಮೇಲೆ ನೋಡೋ ರೀತಿ ಬೇರೆ ಆಗತ್ತೆ. ಡಚ್ಚರು ಕರಿಮರಕ್ಕೆ, ಅಂದ್ರೆ ಎಬೊನಿಗೆ ಅಂತ ಕಡಿದ್ರು, ಆಮೇಲೆ ಕಬ್ಬಿಗೆ ಅಂತ ಕಡಿದ್ರು, ಡೋಡೋ ಹಕ್ಕಿ ಹೋಗಿ ಮುನ್ನೂರು ವರ್ಷದ ಮೇಲಾಯ್ತು. ಮಾರಿಷಸ್ ಕೆಸ್ಟ್ರೆಲ್ ಅಂತ ಒಂದು ಪುಟ್ಟ ಗಿಡುಗ, 1974ರಲ್ಲಿ ಕಾಡಲ್ಲಿ ಗೊತ್ತಿದ್ದಿದ್ದು ನಾಲ್ಕೇ ನಾಲ್ಕು, ಮೊಟ್ಟೆ ತಂದು ಮರಿ ಮಾಡಿಸಿ ಬಿಟ್ಟು ಬಿಟ್ಟು ಜಾತಿ ಉಳಿಸಿಕೊಂಡ್ರು. ಕಣಿವೆ ಮೇಲೆ ಉದ್ದ ಬಾಲದ ಬಿಳಿ ಹಕ್ಕಿ ತೇಲ್ತಾ ಇರತ್ತೆ, ಬೈನಾಕ್ಯುಲರ್ ಇದ್ರೆ ತಗೊಂಡು ಹೋಗಿ. ದಾರಿ ಬದಿ ಸೀಬೆ ಜಾತಿಯ ಒಂದು ಗಿಡ ದಟ್ಟವಾಗಿ ಹಬ್ಬಿದೆ, ಕೆಂಪು ಹಣ್ಣು, ತಿನ್ನೋಕೆ ಚೆನ್ನಾಗಿದೆ ಆದ್ರೆ ಅಲ್ಲಿನ ಮೂಲ ಗಿಡಗಳನ್ನ ಉಸಿರು ಕಟ್ಟಿಸ್ತಾ ಇರೋದು ಅದೇ, ನಾಗರಹೊಳೇಲಿ ಲಂಟಾನ ಮಾಡಿದ ಹಾಗೆ. ಕೋತಿಗಳೂ ಹೊರಗಿಂದ ಬಂದವೇ, ಬುದ್ಧಿ ಮಾತ್ರ ಎಲ್ಲಾ ಕಡೆ ಒಂದೇ, ಕೈಲಿ ಬಿಸ್ಕೆಟ್ ಹಿಡೀಬೇಡಿ.

ನಾಲ್ಕನೇದು ಶಮರೆಲ್ ಅನ್ನೋ ಊರು, ಹನ್ನೆರಡರೊಳಗೆ ತಲುಪಿ. ಒಂದೇ ಟಿಕೆಟ್ಟಲ್ಲಿ ಜಲಪಾತ, ಏಳು ಬಣ್ಣದ ಮಣ್ಣು ಎರಡೂ. ಜಲಪಾತ ನೂರು ಮೀಟರ್ ಹತ್ತಿರ, ಲಾವಾದ ಗೋಡೆ ಮೇಲಿಂದ ನೇರ ಬೀಳತ್ತೆ. ಮಣ್ಣಿನ ದಿಬ್ಬ ಫೋಟೋದಲ್ಲಿ ಕಾಣೋ ಅಷ್ಟು ದೊಡ್ಡದಲ್ಲ, ಇದನ್ನ ಮೊದ್ಲೇ ಹೇಳ್ಬಿಡ್ತೀನಿ. ಕಪ್ಪು ಕಲ್ಲು ಮಳೆ ಬಿಸಿಲಿಗೆ ಕೊಳೆತು ಕೊಳೆತು ಜೇಡಿ ಆಗಿ, ಕರಗೋದೆಲ್ಲ ಕರಗಿ ಹೋಗಿ ಉಳ್ಕೊಂಡಿರೋ ಕಬ್ಬಿಣ ಕೆಂಪು ಕಂದು ಕೊಡತ್ತೆ, ಅಲ್ಯೂಮಿನಿಯಂ ನೀಲಿ ನೇರಳೆ. ಸಾರ ಪೂರ್ತಿ ಹೋಗಿರೋದ್ರಿಂದ ಹುಲ್ಲೂ ಹುಟ್ಟಲ್ಲ. ಒಳಗೆ ಇಳಿಯೋಕೆ ಬಿಡಲ್ಲ, ಕಟಕಟೆ ಹೊರಗಿಂದಾನೇ ನೋಡ್ಬೇಕು, ಬಿಸಿಲು ಇದ್ದಾಗ ಬಣ್ಣ ಏಳತ್ತೆ ಹಾಗಾಗಿ ಮೋಡ ಬಂದ್ರೆ ಹತ್ತು ನಿಮಿಷ ಕಾದು ನೋಡಿ.

ಇನ್ನು ಕಾಫಿ. ಶಮರೆಲ್ಲಲ್ಲಿ ಅರೇಬಿಕಾ ಬೆಳೀತಾರೆ! ಗಿಡ ಕಂಡಿದ್ದೇ ತಡ ನಮ್ಮ ಮಾವ ಅಲ್ಲೇ ನಿಂತುಬಿಟ್ರು. ಮೊದ್ಲು ಎಲೆ ಮಗುಚಿ ತುಕ್ಕು ಇದ್ಯಾ ನೋಡಿದ್ರು, ಆಮೇಲೆ ಬುಡಕ್ಕೆ ಬಗ್ಗಿ ಕಾಂಡ ಕೊರೆಯೋ ಬೋರರ್ ಹುಳದ ತೂತು ಹುಡುಕಿದ್ರು, ಕೊನೆಗೆ ಗೈಡ್ ಕಡೆ ತಿರುಗಿ ಹಿಂದೀಲಿ ಎಕರೆಗೆ ಎಷ್ಟು ಮೂಟೆ ಅಂತ ಕೇಳಿದ್ರು. ಪಾಪ ಆಯಪ್ಪಂಗೆ ಎಕರೆನೂ ಗೊತ್ತಿಲ್ಲ ಮೂಟೆನೂ ಗೊತ್ತಿಲ್ಲ. ಸಮುದ್ರ ಮಟ್ಟದಿಂದ ಮುನ್ನೂರು ಮೀಟರೂ ಇಲ್ಲದ ಜಾಗದಲ್ಲಿ ಅರೇಬಿಕಾ ಅಂದ್ರೆ ನಮ್ಮವ್ರು ನಂಬಲ್ಲ, ಆದ್ರೆ ಸಮಭಾಜಕದಿಂದ ನಮಗಿಂತ ದೂರ ಇರೋದ್ರಿಂದ ಅಲ್ಲಿ ತಗ್ಗಲ್ಲೂ ತಂಪು. ಕಪ್ಪು ಕಾಫಿ ಕುಡಿದ್ವಿ, ಚಿಕೋರಿ ಇಲ್ದೆ ಸಪ್ಪೆ ಅಂದ್ರು ಅತ್ತೆ. ನಂಗೆ ಇಷ್ಟ ಆಯ್ತು.

ಊಟ ಶಮರೆಲ್ಲಲ್ಲೇ ಮುಗಿಸಿ. ಕಾಡುಹಂದಿ, ಜಿಂಕೆ ಮಾಂಸ ಹೋಟೆಲಲ್ಲೇ ಸಿಗತ್ತೆ, ಜಿಂಕೆ ಸಾಕ್ತಾರೆ ಅಲ್ಲಿ, ಕಾನೂನು ತಂಟೆ ಇಲ್ಲ. ಹಂದಿಗೆ ನಮ್ಮ ಕಪ್ಪು ಹುಳಿ ಕಾಚಂಪುಳಿ ಬಿದ್ದಿರಲ್ಲ, ಅದೊಂದು ಕೊರತೆ. ತರಕಾರಿಯವ್ರು ಬೆಳಿಗ್ಗೆ ಬರೋವಾಗ್ಲೇ ಕ್ಯೂರ್‌ಪೀಪಲ್ಲಿ ಧೋಲ್ ಪೂರಿ ಕಟ್ಟಿಸ್ಕೊಳ್ಳಿ, ಬೆಲ್ಲ ಹಾಕದ ಕಡ್ಲೆಬೇಳೆ ಹೋಳಿಗೆ ಅಂತ ತಿಳ್ಕೊಳ್ಳಿ, ಜೊತೆಗೆ ಕಾಳಿನ ಗೊಜ್ಜು, ಖಾರದ ಚಟ್ನಿ, ಕಾಗದದಲ್ಲಿ ಸುತ್ತಿ ಜೋಡಿ ಜೋಡಿಯಾಗಿ ಕೊಡ್ತಾರೆ.

ಶಮರೆಲ್ಲಿಂದ ಕೆಳಗಿಳಿಯೋ ರೋಡು ಮಾಕುಟ್ಟ ಘಾಟಿಯ ತಮ್ಮ. ವಾಂತಿ ಆಗೋರು ಊಟಕ್ಕೂ ಮೊದ್ಲೇ ಮಾತ್ರೆ ತಗೊಳ್ಳಿ, ಮುಂದಿನ ಸೀಟು ಅವ್ರಿಗೇ ಬಿಡಿ. ಇಳಿದ್ರೆ ಎದುರಿಗೆ ಲ ಮೋರ್ನ್, 556 ಮೀಟರಿನ ಒಂಟಿ ಬಂಡೆ, ಬುಡದಲ್ಲಿ ಕಡಲು. ಓಡಿ ತಪ್ಪಿಸ್ಕೊಂಡ ಗುಲಾಮರು ಈ ಬೆಟ್ಟದ ಗುಹೆಗಳಲ್ಲಿ ಬಚ್ಚಿಟ್ಕೊಂಡಿದ್ರು. 1835ರಲ್ಲಿ ಗುಲಾಮಗಿರಿ ಮುಗೀತು ಅಂತ ಹೇಳೋಕೆ ಪೋಲೀಸರು ಬಂದ್ರೆ, ಹಿಡಿಯೋಕೆ ಬಂದ್ರು ಅಂದ್ಕೊಂಡು ಮೇಲಿಂದ ಹಾರಿಬಿಟ್ರು ಅನ್ನೋ ಕಥೆ ಅಲ್ಲಿನವ್ರ ಬಾಯಲ್ಲಿದೆ. 2008ರಲ್ಲಿ ವಿಶ್ವ ಪರಂಪರೆ ಪಟ್ಟಿಗೆ ಸೇರಿದೆ. ಹತ್ತೋಕೆ ಇನ್ನೊಂದು ದಿನ ಬೇಕು, ಇವತ್ತು ಕೆಳಗಿಂದ ನೋಡಿ ಸಾಕು. ಇನ್‌ಸ್ಟಾಗ್ರಾಮಲ್ಲಿ ಬರೋ ನೀರೊಳಗಿನ ಜಲಪಾತ ಇಲ್ಲೇ ಪಕ್ಕದಲ್ಲಿರೋದು, ಆದ್ರೆ ಅದು ಮರಳು ಜಾರೋದು ಹಾಗೆ ಕಾಣೋ ಕಣ್ಕಟ್ಟು, ಮೇಲಿಂದ ಹೆಲಿಕಾಪ್ಟರಲ್ಲಿ ಹೋದ್ರೆ ಮಾತ್ರ. ದಡದಲ್ಲಿ ನಿಂತು ಗೈಡನ್ನ ಪೀಡಿಸ್ಬೇಡಿ.

ಈಜೋ ವಿಷಯ ಮಾತ್ರ ಗಮನ ಇಟ್ಟು ಓದಿ. ದ್ವೀಪದ ಸುತ್ತ ಹೆಚ್ಚಿನ ಕಡೆ ಹವಳದ ದಂಡೆ ಇದೆ, ಅಲೆ ಅಲ್ಲೇ ಒಡೆದು ಒಳಗೆ ನೀರು ಕೆರೆ ಥರ ನಿಂತಿರತ್ತೆ, ಅಲ್ಲಿ ಇಳೀಬಹುದು. ದಕ್ಷಿಣದ ಗ್ರಿ ಗ್ರಿ ಕಡೆ ಆ ದಂಡೆ ಇಲ್ಲ, ಅಲೆ ನೇರ ಕಪ್ಪು ಬಂಡೆಗೆ ಬಡಿಯತ್ತೆ, ನೋಡೋಕೆ ಭಾರಿ ಚಂದ, ನೀರಿಗೆ ಕಾಲಿಡೋ ಜಾಗ ಅಲ್ಲ. ನಾವು ಹೊಳೆಯಲ್ಲಿ ಈಜು ಕಲ್ತವ್ರು, ಕಡಲಿನ ಸೆಳೆತ ನಮಗೆ ಗೊತ್ತಾಗಲ್ಲ, ಹಾಗಾಗಿ ಇಲ್ಲಿ ಇಳೀಬಹುದಾ ಅಂತ ಪ್ರತೀ ಬೀಚಲ್ಲೂ ಗೈಡನ್ನ ಕೇಳಿ. ಬರಿಗಾಲಲ್ಲಿ ಬೇಡ, ರಬ್ಬರ್ ಶೂ ಹಾಕಿ, ಮುಳ್ಳುಂಡೆ ಥರದ ಸೀ ಅರ್ಚಿನ್ನು, ಕಲ್ಲಿನ ಹಾಗೇ ಕಾಣೋ ವಿಷದ ಮೀನು ಎರಡೂ ಇದಾವೆ. ಬೀಚುಗಳೆಲ್ಲ ಸಾರ್ವಜನಿಕರದ್ದು, ಮುಂದೆ ಎಷ್ಟೇ ದೊಡ್ಡ ರೆಸಾರ್ಟ್ ಇದ್ರೂ ಮರಳ ಮೇಲೆ ಕೂರೋಕೆ ಯಾರನ್ನೂ ಕೇಳ್ಬೇಕಿಲ್ಲ. ಅನಾನಸ್ಸಿಗೆ ಉಪ್ಪು ಖಾರ ಹುಣಸೆಹುಳಿ ಹಚ್ಚಿ ಮಾರೋರು ಬಂದ್ರೆ ಬಿಡ್ಬೇಡಿ.

ಐದಕ್ಕೆ ಎದ್ದುಬಿಡಿ, ಆರಕ್ಕೆಲ್ಲ ಕತ್ತಲೆ. ತಮಾರಿನ್ ಕಡೆಯಿಂದ ಕಡಲ ಬದಿಯ ರೋಡಲ್ಲೇ ವಾಪಸ್ ಬನ್ನಿ, ಸೂರ್ಯ ಮುಳುಗೋದು ಗಾಡೀಲಿ ಕೂತೇ ಸಿಗತ್ತೆ. ಒದ್ದೆ ಬಟ್ಟೇಲಿ ಸೀಟಿಗೆ ಕೂತ್ರೆ ಯಾವ ಊರಿನ ಡ್ರೈವರಿಗೂ ಮುಖ ಗಂಟಾಗತ್ತೆ, ಹಾಸೋಕೆ ಮನೆಯಿಂದಾನೇ ಒಂದು ಹಳೇ ಟವೆಲ್ ತಗೊಂಡು ಹೋಗಿರಿ.