ಮೂರನೆಯ ಕಲಂ: ಒಬ್ಬ ಸರ್ಬಿಯನ್ ನಟನ ವೃತ್ತಿಪಟ್ಟಿ ಮಾಡಿದ ನನ್ನ ಅನುಭವ

ನಟನೆಯಿಂದ ನಿರ್ದೇಶನಕ್ಕೆ, ಆಮೇಲೆ ಬರವಣಿಗೆಗೆ ಬಂದ ಡ್ರಾಗಾನ್ ಬ್ಯೆಲೊಗೃಲಿಚ್ ಅವರ ಬಗ್ಗೆ ಕನ್ನಡದಲ್ಲಿ ದೀರ್ಘ ಲೇಖನ ಬರೆಯುತ್ತೇನೆಂದಾಗ, ನಮ್ಮ ಚಿತ್ರಸಮಾಜದ ಗೆಳೆಯರು ಇಂಗ್ಲಿಷಿನಲ್ಲಿರುವುದನ್ನು ಅನುವಾದಿಸಿದರೆ ಸಾಲದೇ ಎಂದು ನಕ್ಕಿದ್ದರು. ನಾನು ಹಿಡಿದದ್ದು ಬೇರೆ ದಾರಿ: ಚಿತ್ರಗಳ ಟೈಟಲ್ ಕಾರ್ಡುಗಳನ್ನು ಸರ್ಬಿಯನ್ ಬರೆಯುವ ಸಿರಿಲಿಕ್ ಲಿಪಿಯಲ್ಲೇ ಓದಿ, ನಟನೆ, ಬರವಣಿಗೆ, ನಿರ್ಮಾಣ, ನಿರ್ದೇಶನ ಎಂಬ ನಾಲ್ಕು ಕಲಂಗಳಲ್ಲಿ ಗುರುತು ಹಾಕುವುದು.

ಮೊದಲ ಪಟ್ಟಿ ಪೂರ್ತಿ ಕೆಟ್ಟಿತು. 1930ರ ಮೊದಲ ವಿಶ್ವಕಪ್‌ಗೆ ಹೊರಟ ಯುಗೊಸ್ಲಾವಿಯ ಫುಟ್‌ಬಾಲ್ ತಂಡದ ಕಥೆಯಿರುವ, ಅವರ ಮೊದಲ ನಿರ್ದೇಶನದ 'ಮೊಂಟೆವಿಡಿಯೊ'ವನ್ನು 2010ರ ಚಿತ್ರವೆಂದು ಒಮ್ಮೆ, ಅದರಿಂದಲೇ ಬೆಳೆದ ಟಿವಿ ಧಾರಾವಾಹಿಯೆಂದು ಇನ್ನೊಮ್ಮೆ ಎಣಿಸಿದ್ದೆ. ಬೆಲ್‌ಗ್ರೇಡಿನಿಂದ ತರಿಸಿದ ಡಿವಿಡಿಗಳಿಗೆ ಅಂಚೆ ವೆಚ್ಚ ಸೇರಿ ಸುಮಾರು 3,500 ರೂಪಾಯಿ ತೆತ್ತಿದ್ದೆ. ಅವು ಯುರೋಪಿನ ವಲಯದ ಸಂಕೇತ ಹೊಂದಿದ್ದರಿಂದ ನನ್ನ ಪ್ಲೇಯರಿನಲ್ಲಿ ಓಡಲೇ ಇಲ್ಲ. ಭಾಷೆ ಕಲಿಸಿದವರಿಗೆ ಹನ್ನೆರಡು ಸಾವಿರದಷ್ಟು ಹೋಯಿತು. ದಕ್ಕಿದ್ದು ಲಿಪಿ ಮಾತ್ರ, ಆದರೆ ಕೆಲಸಕ್ಕೆ ಅದೇ ಸಾಕಾಯಿತು.

ಎರಡನೆಯ ಪಟ್ಟಿಯಲ್ಲಿ, ಗೆಳೆಯರು ಅನಗತ್ಯವೆಂದಿದ್ದ ಮೂರನೆಯ ಕಲಮೇ, ಅಂದರೆ ನಿರ್ಮಾಣದ್ದೇ, ವಿಷಯವನ್ನು ಬಿಡಿಸಿ ತೋರಿಸಿತು. 1978ರ 'ಬೊಶ್ಕೊ ಬುಹಾ'ದಲ್ಲಿ ಹುಡುಗನಾಗಿ ಬಂದು, 'ಬೊಲ್ಯಿ ಝಿವೊತ್' ಧಾರಾವಾಹಿಯ ಬೋಬಾ ಪಾತ್ರದಿಂದ ಮನೆಮಾತಾದ ಈ ನಟ, ಬೊಸ್ನಿಯಾ ಯುದ್ಧದ ಕುರಿತ 1996ರ 'ಲೆಪಾ ಸೆಲಾ ಲೆಪೊ ಗೊರೆ'ಯಲ್ಲಿ ನಟಿಸಿದ್ದಷ್ಟೇ ಅಲ್ಲ, ಸಹೋದರ ಗೋರಾನ್ ಜೊತೆ ಅದರ ನಿರ್ಮಾಪಕರಲ್ಲೊಬ್ಬರೂ ಆಗಿದ್ದರು. ಎಂದರೆ, ಚಲನಚಿತ್ರ ನಿರ್ದೇಶಕನ ಕುರ್ಚಿಯಲ್ಲಿ ಕೂರುವ ಮೊದಲು ಅವರು ಹದಿನಾಲ್ಕು ವರ್ಷದಷ್ಟು ಕಾಲ ಹಣದ ಲೆಕ್ಕ ನೋಡಿದ್ದರು. 'ಮೊಂಟೆವಿಡಿಯೊ'ದ ಚಿತ್ರಕಥೆ ಬೇರೆಯವರದು. ಬರವಣಿಗೆಯ ಕಲಂ ತುಂಬತೊಡಗುವುದು ಅದಾದ ಮೇಲೆ. ಬೆಲ್‌ಗ್ರೇಡ್ ಬಳಿಯ ವಿಂಚಾದಲ್ಲಿ 1958ರಲ್ಲಿ ನಡೆದ ಪರಮಾಣು ರಿಯಾಕ್ಟರ್ ಅಪಘಾತವನ್ನೂ, ವಿಕಿರಣಕ್ಕೆ ತುತ್ತಾದವರಿಗೆ ಪ್ಯಾರಿಸ್ಸಿನಲ್ಲಿ ಮಾಡಿದ ಅಸ್ಥಿಮಜ್ಜೆ ಕಸಿಯನ್ನೂ ಕುರಿತ 2023ರ 'ಚುವಾರಿ ಫಾರ್ಮುಲೆ'ಯಲ್ಲಿ ಅವರು ಸಹಲೇಖಕರೂ ಹೌದು.  

ನಡುವೆ ಬ್ಯೆಲೊಗೃಲಿಚ್ ಎಂಬ ಹೆಸರಿನ ಬೆನ್ನು ಹತ್ತಿ ಎರಡು ವಾರ ಕಳೆದೆ. ಸರ್ಬಿಯನ್ ಭಾಷೆಯಲ್ಲಿ ರಕಾರವೇ ಸ್ವರವಾಗಿ ನಿಲ್ಲುತ್ತದೆ; ಇಂಗ್ಲಿಷ್ ಲಿಪಿ ಅಲ್ಲಿ ತಡವರಿಸಿದರೆ ನಮ್ಮ ಋಕಾರ ಸಲೀಸಾಗಿ ಕೂರುತ್ತದೆ. 'ಗೃಹ'ದ ಗೃ ಬರೆದು ಬೀಗಿದೆ. ಆದರೆ ಸಭೆಯಲ್ಲಿ ಓದಿದವರೆಲ್ಲ 'ಗ್ರುಲಿಚ್' ಎಂದರು! ಋಕಾರವನ್ನು ನಾವೇ ಕಳೆದುಕೊಂಡಿರುವಾಗ ಅವರನ್ನು ದೂರಿ ಫಲವಿಲ್ಲ.

ಲೇಖನಕ್ಕೆ ಬಂದ ಸಂಭಾವನೆ ಎರಡು ಸಾವಿರ. ಈಗ ಅದೇ ಕಲಂಗಳಲ್ಲಿ ಇನ್ನೊಬ್ಬ ಸರ್ಬಿಯನ್ ನಟ ಲ್ಯುಬಿಶಾ ಸಮಾರ್ಜಿಚ್ ಅವರನ್ನು ತುಂಬುತ್ತಿದ್ದೇನೆ: 1967ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ, ನಿರ್ದೇಶಕರಾಗಿ 'ನೆಬೆಸ್ಕಾ ಉದಿತ್ಸಾ' 2000ದಲ್ಲಿ. ಅವರಲ್ಲೂ ನಾಲ್ಕನೆಯದಕ್ಕಿಂತ ಮೊದಲು ತುಂಬಿದ್ದು ಮೂರನೆಯ ಕಲಮೇ.